ರಸೀದಿ ಬಾಡಿಗೆದಾರರ ಹತ್ರ ಇರತ್ತೆ ಸ್ವಾಮಿ: ಕಾನೂನು ಸಚಿವರಿಗೆ ಒಂದು ಬಹಿರಂಗ ಪತ್ರ

ಗೆ,
ಮಾನ್ಯ ಕಾನೂನು ಮತ್ತು ಸಂಸದೀಯ ವ್ಯವಹಾರಗಳ ಸಚಿವರು,
ಕರ್ನಾಟಕ ಸರ್ಕಾರ,
ವಿಧಾನಸೌಧ, ಬೆಂಗಳೂರು.

ವಿಷಯ: ಬಾಡಿಗೆ ಸಂಬಂಧವೇ ಇಲ್ಲ ಎಂಬ ತಕರಾರು ಬಂದಾಗ ಅನ್ವಯವಾಗುವ, ಕರ್ನಾಟಕ ಬಾಡಿಗೆ ಕಾಯ್ದೆ 1999ರ 43ನೇ ಕಲಂ ತಿದ್ದುಪಡಿ ಮಾಡುವಂತೆ ಮನವಿ.

ಮಾನ್ಯರೇ,

ನಮಸ್ಕಾರ. ನಾನು ಲಾಯರ್ ಅಲ್ಲ, ಕಾನೂನು ಓದಿದೋಳೂ ಅಲ್ಲ. ಆದ್ರೆ ಐದಾರು ವರ್ಷದಿಂದ ನಮ್ಮಮ್ಮನ ಕೈ ಹಿಡ್ಕೊಂಡು ಕೋರ್ಟ್ ಮೆಟ್ಲು ಹತ್ತಿ ಇಳಿದು ಈ ಒಂದು ಕಾಯ್ದೆ ಮಾತ್ರ ಬಾಯಿಪಾಠ ಆಗೋಗಿದೆ. ಇದನ್ನ ಬರೀ ನಮ್ಮನೆ ಗೋಳು ಅಂತ ದಯವಿಟ್ಟು ಓದ್ಬೇಡಿ. ಕೋರ್ಟ್ ಕಾರಿಡಾರಲ್ಲಿ ಬೆಂಚ್ ಮೇಲೆ ಕೂತು ಡೇಟ್ ಕಾಯ್ತಾ ಇರುವಾಗ ಪಕ್ಕದಲ್ಲಿ ಕೂತ ವಯಸ್ಸಾದವ್ರ ಹತ್ರ ಮಾತಾಡಿದಾಗೆಲ್ಲ ಸುಮಾರು ಇದೇ ಕತೆ ಕೇಳಿದೀನಿ, ಅದಕ್ಕೇ ಎಲ್ಲರೂ ಓದೋ ಹಾಗೆ ಬರೀತಿದೀನಿ.

ನಮ್ಮನೆ ಮೈಸೂರಲ್ಲಿದೆ. ಮೂವತ್ತು ನಲವತ್ತು ಸೈಟು, ಹೆಂಚಿನ ಮನೆ, ಮುಂದೆ ಜಗುಲಿ, ಹಿತ್ತಲಲ್ಲಿ ಒಂದು ಸೀಬೆ ಮರ, ಬಾವಿ. ನಮ್ಮಪ್ಪ ಸರ್ಕಾರಿ ಕಚೇರೀಲಿ ಗುಮಾಸ್ತರು, ಸಾಲ ಮಾಡಿ 1976ರಲ್ಲಿ ಕಟ್ಟಿಸಿದ್ರು. ಆದ್ರೆ ಎರಡೇ ವರ್ಷಕ್ಕೆ ಟ್ರಾನ್ಸ್‌ಫರ್ ಆಯ್ತು, ಮನೆ ಬೀಗ ಹಾಕಿಡೋದು ಯಾಕೆ ಅಂತ 1978ರಲ್ಲಿ ಒಬ್ರು ಸ್ಕೂಲ್ ಮೇಷ್ಟ್ರಿಗೆ ಬಾಡಿಗೆಗೆ ಕೊಟ್ರು, ತಿಂಗಳಿಗೆ 110 ರೂಪಾಯಿ. ಅಗ್ರಿಮೆಂಟ್ ಗಿಗ್ರಿಮೆಂಟ್ ಏನೂ ಇಲ್ಲ. ಅಪ್ಪನ ಸ್ನೇಹಿತರೊಬ್ರು ಕರ್ಕೊಂಡು ಬಂದ್ರು, ಜಗುಲಿ ಮೇಲೆ ಕೂತು ಕಾಫಿ ಕುಡಿದು ಮಾತಾಡಿದ್ರು, ಬೀಗದ ಕೈ ಕೊಟ್ರು, ಅಷ್ಟೇ. ಆ ಕಾಲದಲ್ಲಿ ಮೈಸೂರಲ್ಲಿ ಎಷ್ಟೋ ಮನೆ ಹೀಗೇ ಬಾಡಿಗೆಗೆ ಹೋಗಿದ್ದು.

ಆ ಮೇಷ್ಟ್ರು ಬಹಳ ಒಳ್ಳೇವ್ರು, ಇದನ್ನ ನಾನು ಹೇಳ್ಲೇಬೇಕು. ರಜಕ್ಕೆ ಮೈಸೂರಿಗೆ ಬಂದಾಗ ಅಮ್ಮನ ಜೊತೆ ನಾನೂ ಬಾಡಿಗೆ ಇಸ್ಕೊಳ್ಳೋಕೆ ಹೋಗ್ತಿದ್ದೆ. ಮೇಷ್ಟ್ರ ಹೆಂಡ್ತಿ ತಟ್ಟೇಲಿ ಎಲೆ ಅಡಿಕೆ ಜೊತೆ ದುಡ್ಡಿಟ್ಟು ಕೊಡೋರು. ಅಮ್ಮ ಚೀಲದಿಂದ ರಸೀದಿ ಪುಸ್ತಕ ತೆಗೆದು ಮೊಣಕಾಲ ಮೇಲೆ ಇಟ್ಕೊಂಡು ಬರೆಯೋರು, ಇಂತಿಂಥ ತಿಂಗಳ ಮನೆ ಬಾಡಿಗೆ ಬಾಬ್ತು ಇಷ್ಟು ರೂಪಾಯಿ ತಲುಪಿದೆ ಅಂತ. ರೆವಿನ್ಯೂ ಸ್ಟಾಂಪ್ ನಾಲಿಗೆಗೆ ಒತ್ತಿ ಅಂಟಿಸೋದು ನನ್ನ ಕೆಲ್ಸ. ಸ್ಟಾಂಪಿನ ಮೇಲೆ ಅಡ್ಡಕ್ಕೆ ಅಮ್ಮನ ಸಹಿ, ಅರ್ಧ ಸ್ಟಾಂಪ್ ಮೇಲೆ ಅರ್ಧ ಕಾಗದದ ಮೇಲೆ. ಆಮೇಲೆ ಚರ್ ಅಂತ ಹರಿದು ಅವ್ರ ಕೈಗೆ ಕೊಡೋರು. ಮೇಷ್ಟ್ರು ಅದನ್ನ ಗೋಡೆ ಮೇಲೆ ನೇತಾಕಿದ್ದ ತಂತಿಗೆ ಚುಚ್ಚಿಡೋರು. ಆ ತಂತಿ ತುಂಬ ಹಳದಿ ಬಣ್ಣಕ್ಕೆ ತಿರುಗಿದ ನಮ್ಮನೆ ರಸೀದಿಗಳು ಇದ್ದಿದ್ದು ಇವತ್ತಿಗೂ ನನ್ನ ಕಣ್ಣಿಗೆ ಕಟ್ಟಿದ ಹಾಗಿದೆ.

ಅಪ್ಪ 1994ರಲ್ಲಿ ರಿಟೈರ್ ಆಗಿ ವಾಪಸ್ ಬಂದಾಗ ಮೇಷ್ಟ್ರ ಮಗಳ ಮದುವೆ ಗೊತ್ತಾಗಿತ್ತು. ಇಂಥ ಹೊತ್ತಲ್ಲಿ ಹೇಗೆ ಬಿಡಿ ಅನ್ನೋದು ಅಂತ ಅಪ್ಪ ನಮ್ಮ ತಾತನ ಮನೇಲೇ ಎರಡು ರೂಮಲ್ಲಿ ಇದ್ಬಿಟ್ರು. 2002ರಲ್ಲಿ ತೀರಿಕೊಂಡ್ರು. ತಾತನ ಮನೆ ಭಾಗ ಆಗಿ ಮಾರಿದ ಮೇಲೆ ಅಮ್ಮ ಬೆಂಗಳೂರಿಗೆ ನನ್ನ ಹತ್ರ ಬಂದ್ರು. ಎರಡು ಮೂರು ತಿಂಗಳಿಗೊಂದು ಸಲ ಬಸ್ಸಲ್ಲಿ ಮೈಸೂರಿಗೆ ಹೋಗಿ ಬಾಡಿಗೆ ತರೋರು. 2004ರಲ್ಲಿ 850 ಆಯ್ತು, ಅಲ್ಲಿಗೆ ನಿಂತಿದ್ದು ನಿಂತಿದ್ದೇ.

ಮೇಷ್ಟ್ರು 2009ರಲ್ಲಿ ಹೋದ್ರು, ಅವ್ರ ಹೆಂಡ್ತಿ 2012ರಲ್ಲಿ. ಮಗ ಮನೇಲೇ ಮುಂದುವರೆದ್ರು. ಕಾಯ್ದೆಯ 5ನೇ ಕಲಂ ಪ್ರಕಾರ ಬಾಡಿಗೆದಾರ ತೀರಿಕೊಂಡ್ರೆ ಜೊತೇಲಿದ್ದ ವಾರಸುದಾರರಿಗೆ ಬಾಡಿಗೆ ಹಕ್ಕು ಐದು ವರ್ಷ ಮಾತ್ರ ಅಂತೆ, ಇದು ನನಗೆ ಗೊತ್ತಾಗಿದ್ದೇ ಕೋರ್ಟಿಗೆ ಹೋದ ಮೇಲೆ. ಅಮ್ಮ ಐದು ವರ್ಷ ಹತ್ತು ವರ್ಷ ಅಂತ ಯಾವತ್ತೂ ಲೆಕ್ಕ ಹಾಕ್ಲಿಲ್ಲ, ಕೊಟ್ಟಾಗ ಇಸ್ಕೊಂಡು ರಸೀದಿ ಬರ್ಕೊಟ್ಟು ಬಂದ್ರು. 2016ರಲ್ಲಿ ಆ ಮಗ ಊರಾಚೆ ಲೇಔಟಲ್ಲಿ ಸ್ವಂತ ಮನೆ ಕಟ್ಕೊಂಡು ಹೋದ್ರು. ಹೋದೋರು ನಮ್ಮನೆ ಬೀಗದ ಕೈ ಕೊಡ್ಲಿಲ್ಲ. 2019ರ ಮಾರ್ಚ್ ಆದ್ಮೇಲೆ ಬಾಡಿಗೆ ಕೊಡೋದೂ ನಿಲ್ಸಿದ್ರು. ನಾವು ಹೋಗಿ ನೋಡಿದ್ರೆ ಒಳಗೆ ನಾಲ್ಕು ಜನ ಕೆಲ್ಸಕ್ಕೆ ಹೋಗೋ ಹುಡುಗ್ರು, ಮಂಚ ಹಾಕ್ಕೊಂಡಿದಾರೆ, ದೇವರ ಮನೆ ಗೂಡಲ್ಲಿ ಮೊಬೈಲ್ ಚಾರ್ಜಿಗೆ ಹಾಕಿದಾರೆ. ಪಾಪ ಅವ್ರೇನು ಕಳ್ಳರಲ್ಲ, ಅವ್ರೇ ಹೇಳಿದ್ರು, ಓನರ್‌ಗೆ ತಿಂಗಳಿಗೆ 14,000 ಫೋನ್‌ಪೇ ಮಾಡ್ತೀವಿ ಆಂಟಿ, 50,000 ಅಡ್ವಾನ್ಸ್ ಕೊಟ್ಟಿದೀವಿ ಅಂತ. ಓನರ್ ಯಾರು ಅಂದ್ರೆ ಮೇಷ್ಟ್ರ ಮಗನ ಹೆಸ್ರು ಹೇಳಿದ್ರು. ಮನೆ ಯಜಮಾನಿ ಬಾಗ್ಲಲ್ಲಿ ಚಪ್ಪಲಿ ಬಿಟ್ಟು ನಿಂತಿದಾರೆ, ಒಳಗಡೆಯೋರು ಯಾರು ಬೇಕಿತ್ತು ಅಂತ ಕೇಳ್ತಿದಾರೆ, ಆಗ ಅಮ್ಮನ ಮುಖ ನೋಡೋಕಾಗ್ಲಿಲ್ಲ ನನಗೆ.

ಪೊಲೀಸ್ರ ಹತ್ರ ಹೋದ್ರೆ ಇದು ಸಿವಿಲ್ ಮ್ಯಾಟರ್ ಅಂದ್ರು, ಸರಿ, ಅದೇನೋ ನಿಜ. ವಕೀಲರ ಹತ್ರ ಹೋದ್ವಿ. ಅವ್ರು ನೋಟಿಸ್ ಕೊಟ್ಟು 2020ರ ಜನವರೀಲಿ ಬಾಡಿಗೆ ಕಾಯ್ದೆ ಪ್ರಕಾರ ಎಚ್ಆರ್‌ಸಿ ಕೇಸ್, ಅಂದ್ರೆ ಮನೆ ಬಿಡಿಸಿಕೊಡಿ ಅನ್ನೋ ಬಾಡಿಗೆ ಕೇಸ್ ಹಾಕಿದ್ರು. ಬಾಡಿಗೆ ಬಾಕಿ ಇದೆ, ಒಳಬಾಡಿಗೆಗೆ ಕೊಟ್ಟಿದಾರೆ, ಸ್ವಂತ ವಾಸಕ್ಕೆ ಬೇಕು, ಮೂರೂ 27ನೇ ಕಲಮಲ್ಲಿ ಇರೋ ಕಾರಣಗಳೇ. ಅದರ ಮೇಲೆ ಮಾಲೀಕರು ವಿಧವೆ ಆಗಿದ್ರೆ, ಇಲ್ಲ 65 ದಾಟಿದ್ರೆ ಬೇಗ ಸ್ವಾಧೀನ ಕೇಳೋಕೆ 31ನೇ ಕಲಮಲ್ಲಿ ಬೇರೆ ಅವಕಾಶಾನೇ ಇದೆ. ಅಮ್ಮ ಎರಡಕ್ಕೂ ಸೇರ್ತಾರೆ. ಒಂದು ವರ್ಷದಲ್ಲಿ ಮನೆ ಕೈಗೆ ಬರತ್ತೆ ಅಂತ ನಾನು ನಂಬಿದ್ದೆ. ಕೊರೊನಾ ಬಂತು, ಕೋರ್ಟ್ ಮುಚ್ಚಿದ್ವು, ಅದಕ್ಕೆ ಯಾರನ್ನೂ ದೂರೋ ಹಾಗಿಲ್ಲ. ಆಮೇಲೆ ಅವ್ರ ಕಡೆಯಿಂದ ತಕರಾರು ಬಂತು ನೋಡಿ ಸರ್, ಅದನ್ನ ಓದಿ ನನ್ನ ಕೈ ನಡುಗೋಯ್ತು. ನಾವು ಬಾಡಿಗೆದಾರರೇ ಅಲ್ಲ, 1998ರಲ್ಲೇ ನಮ್ಮ ತಂದೆಗೆ ಇವ್ರ ಗಂಡ ಬಾಯಿಮಾತಲ್ಲಿ ಮನೆ ಮಾರಿದಾರೆ, ಯಾವತ್ತೂ ಬಾಡಿಗೆ ಕೊಟ್ಟಿಲ್ಲ ಅಂತ ಬರ್ದಿದ್ರು. ಅಮ್ಮನ ಅಕೌಂಟಿಗೆ ಎರಡು ಸಲ ದುಡ್ಡು ಹಾಕಿದ್ರಲ್ಲ ಅಂದ್ರೆ ಅದು ಕೈಸಾಲ ತೀರಿಸಿದ್ದಂತೆ.

ನೂರು ರೂಪಾಯಿ ಮೇಲಿನ ಯಾವ ಸ್ಥಿರಾಸ್ತಿನೂ ರಿಜಿಸ್ಟರ್ ಆಗ್ದೇ ಮಾರಾಟ ಆಗಲ್ಲ ಅಂತ ಆಸ್ತಿ ವರ್ಗಾವಣೆ ಕಾಯ್ದೆ 1882ರಿಂದ ಹೇಳ್ತಿದೆ. ಬಾಡಿಗೆಗೆ ಅಂತ ಒಳಗೆ ಬಂದೋನು ಮಾಲೀಕನ ಹಕ್ಕನ್ನ ಅಲ್ಲಗಳೆಯೋ ಹಾಗಿಲ್ಲ ಅಂತ ಸಾಕ್ಷ್ಯ ಕಾಯ್ದೇಲೂ ಇದೆ. ಹಾಗಾಗಿ ಈ ತಕರಾರಲ್ಲಿ ಹುರುಳಿಲ್ಲ ಅಂತ ನಮಗೆ ಧೈರ್ಯ ಇತ್ತು. ಆದ್ರೆ ಅದು ನಿಜಾನಾ ಸುಳ್ಳಾ ಅಂತ ನೋಡೋ ಹಂತಕ್ಕೇ ಕೇಸು ಹೋಗ್ಲಿಲ್ಲ. ಯಾಕೆ ಅಂದ್ರೆ 43ನೇ ಕಲಂ.

ಆ ಕಲಂ ಹೇಳೋದನ್ನ ನನ್ನ ಮಾತಲ್ಲಿ ಹೇಳ್ತೀನಿ. ನಾವು ಮಾಲೀಕ ಬಾಡಿಗೆದಾರ ಅಲ್ಲವೇ ಅಲ್ಲ ಅಂತ ಯಾರಾದ್ರೂ ತಕರಾರು ಎತ್ತಿದ್ರೆ, ಕೋರ್ಟು ಬಾಡಿಗೆ ಕರಾರು ಪತ್ರ ನೋಡ್ಬೇಕು, ಅದಿಲ್ಲ ಅಂದ್ರೆ ಮಾಲೀಕರ ಸಹಿ ಇರೋ ಬಾಡಿಗೆ ರಸೀದಿ ನೋಡ್ಬೇಕು. ಬಾಯಿಮಾತಿನ ಬಾಡಿಗೆ ಆಗಿದ್ದು ರಸೀದಿನೂ ಇಲ್ಲ ಅಂದ್ರೆ ಕೂಡ್ಲೇ ಕೇಸ್ ನಿಲ್ಲಿಸಿ, ಹೋಗಿ ಸಿವಿಲ್ ಕೋರ್ಟಲ್ಲಿ ನಿಮ್ಮ ಹಕ್ಕು ಘೋಷಣೆ ಮಾಡಿಸ್ಕೊಂಡು ಬನ್ನಿ ಅಂತ ಕಳಿಸ್ಬೇಕು. ಕಳಿಸಬಹುದು ಅಂತಲ್ಲ ಸರ್, ಕಳಿಸಲೇಬೇಕು.

ಈಗ ನೀವೇ ಯೋಚನೆ ಮಾಡಿ. ಮಾಲೀಕರ ಸಹಿ ಇರೋ ರಸೀದಿ ಯಾರ ಹತ್ರ ಇರತ್ತೆ? ಅವತ್ತು ಕೋರ್ಟಲ್ಲಿ ಆ ಕಡೆ ವಕೀಲರು ಪಾಟೀಸವಾಲಿನಲ್ಲಿ ರಸೀದಿ ಇದ್ರೆ ತೋರ್ಸಿ ಅಮ್ಮ ಅಂದ್ರು. ಅಮ್ಮ ಕಟಕಟೆ ಹಿಡ್ಕೊಂಡು ನಿಂತಿದ್ರು, ಅವ್ರನ್ನೇ ನೋಡ್ತಾ ಹೇಳಿದ್ರು, ರಸೀದಿ ನಾನು ಇವ್ರಿಗೇ ಕೊಟ್ಟಿದೀನಲ್ಲಪ್ಪ, ಕೊಟ್ಟ ಮೇಲೆ ನನ್ನ ಹತ್ರ ಹೇಗಿರತ್ತೆ. ಅಲ್ಲಿ ಯಾರ ಹತ್ರಾನೂ ಅದಕ್ಕೆ ಉತ್ತರ ಇರ್ಲಿಲ್ಲ. ಮೂವತ್ತು ನಲವತ್ತು ವರ್ಷ ತಪ್ಪದೇ ರಸೀದಿ ಕೊಟ್ಟ ಮಾಲೀಕರು ಬರೀಗೈಲಿ ನಿಂತಿದಾರೆ, ಅಷ್ಟೂ ರಸೀದಿ ಇಸ್ಕೊಂಡೋರು ಒಂದೂ ಇಲ್ಲ ಅಂದ್ಬಿಟ್ರೆ ಕೇಸೇ ನಿಂತೋಗತ್ತೆ. ಬಾಡಿಗೆದಾರ ತನಗೆ ರಕ್ಷಣೆ ಬೇಕಾದಾಗ ರಸೀದಿ ತೆಗೀತಾನೆ, ಬೇಡದಾಗ ಬಚ್ಚಿಡ್ತಾನೆ, ಎರಡೂ ಅವನ ಕೈಲೇ ಇದೆ.

ನಮ್ಮ ಹತ್ರ ಏನೂ ಇಲ್ಲ ಅಂತಲ್ಲ. ಅಪ್ಪನ ಇಪ್ಪತ್ತೈದು ಡೈರಿ ಇದೆ, ಪ್ರತಿ ತಿಂಗಳ ಪುಟದಲ್ಲಿ ನೀಲಿ ಇಂಕಲ್ಲಿ 'ಮೇಷ್ಟ್ರು ಬಾಡಿಗೆ ಬಂತು' ಅಂತ ಇದೆ. ಖಾತೆ ಅಮ್ಮನ ಹೆಸ್ರಲ್ಲಿದೆ. ರಿಯಾಯಿತಿ ಸಿಗತ್ತೆ ಅಂತ ಪ್ರತಿ ವರ್ಷ ಏಪ್ರಿಲಲ್ಲೇ ಅಮ್ಮ ಕಂದಾಯ ಕಟ್ಟಿಸ್ತಾರೆ, ಮನೆ ಬಿಟ್ಟುಕೊಡದೇ ಇರೋ ಈ ವರ್ಷಗಳಲ್ಲೂ ಕಟ್ಟಿಸಿದಾರೆ. ಕರೆಂಟ್ ಮೀಟರ್ ಇವತ್ತಿಗೂ ಅಪ್ಪನ ಹೆಸ್ರಲ್ಲೇ ಇದೆ. ಮೇಷ್ಟ್ರು ಒಂದ್ಸಲ ಸುಣ್ಣ ಬಳಿಸಿದ ಖರ್ಚು ಬಾಡಿಗೇಲಿ ಹಿಡ್ಕೊಳ್ಳಲಾ ಅಂತ ಅಪ್ಪಂಗೆ ಬರೆದ ಇನ್‌ಲ್ಯಾಂಡ್ ಲೆಟರ್ ಇತ್ತು, ಗೆದ್ದಲು ಹಿಡಿದು ಅರ್ಧ ಹೋಗಿದೆ, ಸಹಿ ಇದ್ದ ಅರ್ಧಾನೇ ಹೋಗಿದೆ. ಇದ್ಯಾವುದೂ ಮಾಲೀಕರ ಸಹಿ ಇರೋ ರಸೀದಿ ಅಲ್ಲವಲ್ಲ. ನ್ಯಾಯಾಧೀಶರದ್ದು ತಪ್ಪು ಅಂತ ನಾನು ಹೇಳಲ್ಲ, ಕಾಯ್ದೇಲಿ ಬರ್ದಿರೋದನ್ನ ಅವ್ರು ಮಾಡಿದ್ರು. 2022ರಲ್ಲಿ ನಮ್ಮ ಕೇಸ್ ನಿಂತೋಯ್ತು.

ಸಿವಿಲ್ ಕೋರ್ಟಿಗೆ ಹೋಗಿ ಅಂದ್ರಲ್ಲ, ಅಲ್ಲಿಯ ದಾರಿ ಹೇಗಿದೆ ಕೇಳಿ. ಬಾಡಿಗೆದಾರನನ್ನ ಬಿಡಿಸೋ ದಾವೆ ಆದ್ರೆ ಕೋರ್ಟ್ ಫೀ ಒಂದು ವರ್ಷದ ಬಾಡಿಗೆ ಮೇಲೆ ಲೆಕ್ಕ, ನಮ್ಮನೆ ವರ್ಷದ ಬಾಡಿಗೆ 10,200 ರೂಪಾಯಿ. ಆದ್ರೆ ಹಕ್ಕು ಘೋಷಣೆ ಮಾಡಿ ಸ್ವಾಧೀನ ಕೊಡಿಸಿ ಅಂತ ಕೇಳಿದ್ರೆ ಮನೆಯ ಮಾರುಕಟ್ಟೆ ಬೆಲೆ ಮೇಲೆ ಕಟ್ಬೇಕು. ಮೈಸೂರಿನ ಹಳೇ ಬಡಾವಣೇಲಿ ಸೈಟಿನ ಬೆಲೆ ಏನು ಅಂತ ನಿಮಗೆ ಗೊತ್ತು. ಒಂದು ಲಕ್ಷದ ಮೇಲೆ ಹೋಯ್ತು, ಅಮ್ಮನ ಎಫ್‌ಡಿ ಮುರಿಸಿ ಕಟ್ಟಿದ್ವಿ. ಅಂದ್ರೆ ಎದುರಿನೋರು ಒಂದು ಸುಳ್ಳು ವಾಕ್ಯ ಬರೆದಿದ್ದಕ್ಕೆ ನಾವು ಲಕ್ಷ ಕಟ್ಟಿ, ನಮ್ಮದೇ ಮನೆ ನಮ್ಮದು ಅಂತ ಮೊದಲಿಂದ ಸಾಬೀತು ಮಾಡ್ಬೇಕು. ಇಷ್ಟು ದಿನ ಆ ಸುಳ್ಳು ಬರೆದೋರಿಗೆ ಏನು ನಷ್ಟ? ಬಾಡಿಗೆ ಕೇಸಲ್ಲಿ ಆದ್ರೆ ಬಾಕಿ ಕಟ್ಟಿದ್ರೇನೇ ಮುಂದೆ ವಾದ ಮಾಡೋ ಹಾಗೆ ನಿಯಮ ಇದೆ, ಬಾಡಿಗೆದಾರನೇ ಅಲ್ಲ ಅಂದ ಮೇಲೆ 850 ಕೂಡ ಕಟ್ಬೇಕಾಗಿಲ್ಲ, ಆ ಕಡೆ ತಿಂಗಳು ತಿಂಗಳು 14,000 ಬರ್ತಾನೇ ಇದೆ. ಈ ದಾವೆ ಮುಗಿದ್ರೂ ಅಪೀಲು, ಅದಾದ್ಮೇಲೆ ತೀರ್ಪು ಜಾರಿ ಮಾಡಿಸೋ ಅಮಲ್ಜಾರಿ. ಅಮ್ಮಂಗೆ ಈಗ 78.

ಸರ್, ಬಾಡಿಗೆದಾರರೆಲ್ಲ ಕೆಟ್ಟೋರು, ಈ ಕಾಯ್ದೇನೇ ಕಿತ್ತಾಕಿ ಅಂತ ಬರೀತಿದೀನಿ ಅಂದ್ಕೋಬೇಡಿ. ನಾನೇ ಬೆಂಗಳೂರಲ್ಲಿ ಇಪ್ಪತ್ತು ವರ್ಷದಿಂದ ಬಾಡಿಗೆ ಮನೇಲಿದೀನಿ. ಹನ್ನೊಂದು ತಿಂಗಳ ಅಗ್ರಿಮೆಂಟ್ ಮುಗೀತಾ ಬಂದ ಹಾಗೆ ಓನರ್ ಫೋನ್ ಬಂದ್ರೆ ಎದೆ ಹೊಡ್ಕೊಳ್ಳತ್ತೆ, ಬಿಡುವಾಗ ಪೇಂಟಿಂಗ್ ಅಂತ ಒಂದು ತಿಂಗಳ ಬಾಡಿಗೆ ಅಡ್ವಾನ್ಸಲ್ಲಿ ಮುರ್ಕೊಂಡಾಗ ಹೊಟ್ಟೆ ಉರಿಯತ್ತೆ. ಬಾಡಿಗೆ ನಿಯಂತ್ರಣ ಸುಮ್ಮನೆ ಬಂದಿದ್ದಲ್ಲ. ಎರಡನೇ ಮಹಾಯುದ್ಧದ ಕಾಲದಿಂದ ಊರುಗಳಲ್ಲಿ ಮನೆ ಸಿಗ್ತಿರಲಿಲ್ಲ, ಮೈಸೂರು ರಾಜ್ಯದಲ್ಲಿ 1951ರಲ್ಲಿ ಒಂದು ಕಾಯ್ದೆ ಬಂತು, ಆಮೇಲೆ 1961ರದ್ದು ಬಂತು. ಆಗ ಮನೆ ಖಾಲಿ ಆದ್ರೆ ಸರ್ಕಾರದ ಬಾಡಿಗೆ ಕಂಟ್ರೋಲರ್‌ಗೆ ತಿಳಿಸ್ಬೇಕಿತ್ತು, ಅವ್ರು ಇಂಥೋರಿಗೆ ಕೊಡಿ ಅಂತ ಅಲಾಟ್ ಮಾಡೋರು. ನಮ್ಮಪ್ಪ ಅಮ್ಮ 1969ರಲ್ಲಿ ಮದುವೆ ಆದ ಹೊಸದ್ರಲ್ಲಿ ಸಂಸಾರ ಹೂಡಿದ್ದೇ ಹಾಸನದಲ್ಲಿ ಹಾಗೆ ಅಲಾಟ್ ಆದ ಒಂದು ಮನೇಲಿ. ಆ ಕಾನೂನಿಂದ ನಮಗೂ ಉಪಕಾರ ಆಗಿದೆ, ಅದನ್ನ ಮರೆಯೋ ಜನ ಅಲ್ಲ ನಾವು. ಹಾಸನ ಬಿಡುವಾಗ ಅಪ್ಪ ಆ ಮನೆಗೆ ಸುಣ್ಣ ಬಳಿಸಿ, ಮಾಲೀಕರ ಕೈಗೆ ಬೀಗದ ಕೈ ಕೊಟ್ಟು, ಅವ್ರ ಮನೇಲೇ ಊಟ ಮಾಡಿ ಬಂದ್ರಂತೆ.

ಈಗಿನ ಕಾಯ್ದೆ 2001ರ ಕೊನೇ ದಿನದಿಂದ ಜಾರಿ ಆಗಿದೆ. ದೊಡ್ಡ ನಗರಗಳಲ್ಲಿ ತಿಂಗಳಿಗೆ 3500, ಉಳಿದ ಕಡೆ 2000 ರೂಪಾಯಿ ಬಾಡಿಗೆ ದಾಟಿದ ಮನೆಗಳಿಗೆ ಅದು ಅನ್ವಯ ಆಗಲ್ಲ. ಇವತ್ತು ಯಾವ ಊರಲ್ಲಿ ಆ ಬಾಡಿಗೆಗೆ ಮನೆ ಸಿಗತ್ತೆ ಹೇಳಿ. ಹಾಗಾಗಿ ಇವತ್ತು ಕಷ್ಟಪಟ್ಟು ಹತ್ತು ಸಾವಿರ ಬಾಡಿಗೆ ಕಟ್ಟೋ ಗಾರ್ಮೆಂಟ್ಸ್ ಹೆಣ್ಣುಮಗಳಿಗೆ, ಆಟೋ ಓಡ್ಸೋರಿಗೆ ಈ ಕಾಯ್ದೆಯ ಒಂದು ಅಕ್ಷರದ ರಕ್ಷಣೆನೂ ಇಲ್ಲ. ಇದರ ಒಳಗೆ ಉಳ್ಕೊಂಡಿರೋದು ಬಹುಪಾಲು ನಮ್ಮಂಥ ಹಳೇ ಬಾಯಿಮಾತಿನ ಬಾಡಿಗೆಗಳು, ಅವುಗಳಿಗೇ ಈ 43ನೇ ಕಲಂ ಉರುಳಾಗಿದೆ. ಬಡ ಬಾಡಿಗೆದಾರರಿಗಾಗಿ ಇರೋ ಕಾಯ್ದೆ, ಸ್ವಂತ ಮನೆ ಕಟ್ಕೊಂಡು ಇನ್ನೊಬ್ಬರ ಮನೆ ಒಳಬಾಡಿಗೆಗೆ ಬಿಡೋರ ಕೈಗೆ ಸಿಕ್ಕಿದೆ.

ಕೇಂದ್ರ ಸರ್ಕಾರ 2021ರ ಜೂನಲ್ಲಿ ಮಾದರಿ ಬಾಡಿಗೆ ಕಾಯ್ದೆ ಒಪ್ಪಿ ರಾಜ್ಯಗಳಿಗೆ ಕಳಿಸ್ತು. ಬಾಡಿಗೆ ಕೋರ್ಟು 60 ದಿನದಲ್ಲಿ ತೀರ್ಮಾನ ಮಾಡ್ಬೇಕು, ಅವಧಿ ಮುಗಿದ್ರೂ ಬಿಡದೇ ಇದ್ರೆ ಮೊದಲೆರಡು ತಿಂಗಳು ಎರಡರಷ್ಟು, ಆಮೇಲೆ ನಾಲ್ಕರಷ್ಟು ಬಾಡಿಗೆ, ಹಾಗೇ ವಾಸದ ಮನೆಗೆ ಎರಡು ತಿಂಗಳಿಗಿಂತ ಜಾಸ್ತಿ ಅಡ್ವಾನ್ಸ್ ತಗೊಳ್ಳೋ ಹಾಗಿಲ್ಲ ಅಂತ ಅದರಲ್ಲಿದೆ. ಬಹಳ ಒಳ್ಳೇದು, ತನ್ನಿ. ಆದ್ರೆ ಒಂದು ಮಾತು, ಅದು ಮುಂದೆ ಆಗೋ ಬಾಡಿಗೆಗಳಿಗೆ ಮಾತ್ರ, ಹಳೇ ಬಾಡಿಗೆಗಳಿಗೆ ಅಲ್ಲ. ಅದನ್ನ ತಂದ್ವಿ ನೋಡಿ ಅಂತ ಹೇಳಿ 43ನೇ ಕಲಮನ್ನ ಹಾಗೇ ಬಿಟ್ರೆ ನಮ್ಮಮ್ಮಂಥೋರಿಗೆ ಏನೂ ಸಿಗಲ್ಲ.

ಆದ್ದರಿಂದ ನನ್ನ ಕೋರಿಕೆ ಇಷ್ಟು. ಮೊದಲನೇದು, ಮುಖ್ಯವಾದದ್ದು, 43ನೇ ಕಲಂ ತಿದ್ದಿ. ಸಂಬಂಧ ಇದೆಯೋ ಇಲ್ವೋ ಅನ್ನೋದನ್ನ ಬಾಡಿಗೆ ಕೋರ್ಟೇ ವಿಚಾರಣೆ ಮಾಡಿ ತೀರ್ಮಾನ ಮಾಡ್ಲಿ, ಖಾತೆ, ಕಂದಾಯ ರಸೀದಿ, ಕರೆಂಟ್ ಬಿಲ್ಲು, ಬ್ಯಾಂಕ್ ಪಾಸ್‌ಬುಕ್ಕು, ಡೈರಿ, ಅಕ್ಕಪಕ್ಕದೋರ ಸಾಕ್ಷಿ ಎಲ್ಲಾನೂ ನೋಡ್ಲಿ. ಮನೇಲಿರೋದು ನಿಜ, ಖಾತೆ ಇನ್ನೊಬ್ಬರ ಹೆಸ್ರಲ್ಲಿರೋದೂ ನಿಜ, ಹಾಗಿದ್ಮೇಲೆ ನಾನು ಬಾಡಿಗೆದಾರ ಅಲ್ಲ ಅನ್ನೋರು ತಾವು ಹೇಗೆ ಒಳಗೆ ಬಂದ್ವಿ ಅಂತ ಕಾಗದ ತೋರಿಸ್ಲಿ. ಆ ವಿಚಾರಣೆ ಮುಗಿಯೋ ತನಕ ತಿಂಗಳು ತಿಂಗಳು ಒಂದು ನ್ಯಾಯವಾದ ಮೊತ್ತ ಕೋರ್ಟಿಗೆ ಕಟ್ಲಿ. ಕಾರಣಾಂತರದಿಂದ ಸಿವಿಲ್ ಕೋರ್ಟಿಗೆ ಕಳಿಸಲೇಬೇಕಾಗಿ ಬಂದ್ರೆ, ಮಾರುಕಟ್ಟೆ ಬೆಲೆ ಮೇಲೆ ಕೋರ್ಟ್ ಫೀ ಕೇಳ್ಬೇಡಿ, ಕೊನೇ ಪಕ್ಷ 31ನೇ ಕಲಮಲ್ಲಿ ಹೇಳಿರೋ ವಿಧವೆಯರಿಗೆ, ವಯಸ್ಸಾದವ್ರಿಗೆ, ಅಂಗವಿಕಲರಿಗೆ ಕೇಳ್ಬೇಡಿ.

ಇನ್ನೊಂದು, ಬಾಡಿಗೆ ಕರಾರು ಬರಹದಲ್ಲೇ ಇರ್ಬೇಕು ಅಂತ ನಮ್ಮ ಕಾಯ್ದೆಯ 4ನೇ ಕಲಮಲ್ಲೇ ಇದೆ, ಆದ್ರೆ ನಮ್ಮ ಬೀದೀಲಿ ಒಬ್ರಿಗೂ ಅದು ಗೊತ್ತಿಲ್ಲ. ತಮಿಳುನಾಡಲ್ಲಿ 2017ರ ಹೊಸ ಕಾಯ್ದೆ ಪ್ರಕಾರ ಬಾಡಿಗೆ ಕರಾರನ್ನ ಆನ್‌ಲೈನಲ್ಲಿ ದಾಖಲು ಮಾಡಿಸಿ ನಂಬರ್ ತಗೋತಾರೆ. ನಮ್ಮಲ್ಲೂ ಹಾಗೆ ಮಾಡಿ, ಬರೀ ಹೊಸ ಬಾಡಿಗೆಗಳಿಗಲ್ಲ, ಹಳೇ ಬಾಯಿಮಾತಿನ ಬಾಡಿಗೆಗಳಿಗೂ. ಮಾಲೀಕರು ಒಬ್ರೇ ಹೋಗಿ ಇಂಥ ಮನೇಲಿ ಇಂಥೋರು ಇಷ್ಟು ವರ್ಷದಿಂದ ಇದಾರೆ ಅಂತ ಅರ್ಜಿ ಕೊಟ್ರೆ ಅಧಿಕಾರಿ ಬಂದು ಮಹಜರ್ ಮಾಡಿ ಬರ್ಕೊಳ್ಳೋ ಹಾಗಿರ್ಬೇಕು. ವಾರ್ಡ್ ಆಫೀಸಲ್ಲೇ ಇದಾದ್ರೆ ಅಮ್ಮನ ವಯಸ್ಸಿನೋರೂ ಮಾಡಿಸ್ಕೋತಾರೆ.

ಆ ನಾಲ್ಕು ಹುಡುಗರ ಬಗ್ಗೆನೂ ಹೇಳ್ಬೇಕು. ನಾಳೆ ನಮ್ಮ ಪರ ಡಿಕ್ರಿ ಆದ್ರೆ ಅವ್ರು ಅನಧಿಕೃತವಾಗಿ ಇದ್ದೋರು ಅಂತ ಆಗಿ ಬೀದಿಗೆ ಬರ್ತಾರೆ, ಅವ್ರ 50,000ಕ್ಕೆ ದಿಕ್ಕಿಲ್ಲ. ತಾನು ಮಾಲೀಕ ಅಂತ ಸುಳ್ಳು ಹೇಳಿ ಅಡ್ವಾನ್ಸ್ ತಗೊಂಡೋರಿಂದ ಅದೇ ಕೋರ್ಟು ಅದನ್ನ ವಾಪಸ್ ಕೊಡಿಸೋ ಹಾಗೆ ಕಾಯ್ದೇಲಿ ಬರೀರಿ. ಹೋದ ಸಲ ಹೋಗಿದ್ದಾಗ ಅದ್ರಲ್ಲಿ ಒಬ್ಬ ಹುಡುಗ ಒಳಗಿಂದ ಕುರ್ಚಿ ತಂದು ಜಗುಲಿ ಮೇಲೆ ಹಾಕಿ, ಅಜ್ಜಿ ಕೂತ್ಕೊಳ್ಳಿ ಅಂದ. ಅಮ್ಮ ಕೂತ್ಕೊಂಡು ಹಿತ್ತಲ ಸೀಬೆ ಮರ ಇದೆಯಾ ಅಂತ ಕೇಳಿದ್ರು. ಇದೆ ಅಜ್ಜಿ ಅಂತ ನಾಲ್ಕು ಕಾಯಿ ಕಿತ್ತು ತಂದುಕೊಟ್ಟ.

ನನ್ನ ಬಾಡಿಗೆ ಮನೆ ಎರಡನೇ ಮಹಡೀಲಿದೆ, ಲಿಫ್ಟ್ ಇಲ್ಲ. ಮಂಡಿ ನೋವಿಂದ ಅಮ್ಮ ತಿಂಗಳುಗಟ್ಲೆ ಕೆಳಗಿಳಿಯಲ್ಲ. ಮೆಟ್ಟಿಲಿಲ್ಲದ ಮನೆ, ಪಕ್ಕದ ಬೀದೀಲಿ ತಂಗಿ ಮನೆ, ಹತ್ರದಲ್ಲೇ ದೇವಸ್ಥಾನ, ಅಷ್ಟಕ್ಕೇ ಅವ್ರು ಮೈಸೂರಿಗೆ ಹೋಗ್ಬೇಕು ಅಂತಿರೋದು, ಮಾರಿ ದುಡ್ಡು ಮಾಡೋಕಲ್ಲ.

ಮುಂದಿನ ಅಧಿವೇಶನದಲ್ಲೇ ಈ ತಿದ್ದುಪಡಿ ತರ್ಬೇಕು ಅಂತ ಕೈ ಮುಗಿದು ಕೇಳ್ಕೋತೀನಿ. ಮೈಸೂರು ಬೆಂಗಳೂರಿನ ಶಾಸಕರೂ ಇದನ್ನ ಓದಿದ್ರೆ ಸದನದಲ್ಲಿ ಒಂದು ಪ್ರಶ್ನೆ ಕೇಳಿ, 43ನೇ ಕಲಮಿನಡಿ ಎಷ್ಟು ಕೇಸುಗಳು ಹೀಗೆ ಅರ್ಧಕ್ಕೆ ನಿಂತಿವೆ, ಅದರಲ್ಲಿ ಎಷ್ಟು ಅರ್ಜಿದಾರರು ಎಪ್ಪತ್ತು ದಾಟಿದೋರು ಅಂತ. ಅಪ್ಪನ ಇಪ್ಪತ್ತೈದು ಡೈರಿನೂ ಒಂದು ಟ್ರಂಕಲ್ಲಿ ಜೋಡಿಸಿಟ್ಟಿದೀನಿ, ನಿಮ್ಮ ಕಚೇರಿಯಿಂದ ಯಾರು ಯಾವತ್ತು ಕರೆದ್ರೂ ತಂದು ತೋರಿಸ್ತೀನಿ.

ಇಂತಿ,
ಮೈಸೂರಿನ ಒಬ್ಬ ಮನೆ ಯಜಮಾನಿಯ ಮಗಳು,
ಬೆಂಗಳೂರಿನ ಒಬ್ಬ ಬಾಡಿಗೆದಾರಳು